‘ನೆಲಗಪ್ಪೆ’ ಸಾಕೇ, ‘ಕಿರುಬಾಯಿ ಕಪ್ಪೆ’ ಬೇಕೇ?

ಕುಮಟಾದಿಂದ: ಚಿರೆಕಲ್ಲಿನ, ಅಂದರೆ ಲ್ಯಾಟರೈಟ್ ಕಲ್ಲಿನ, ಬಯಲಿನ ಮಳೆಗಾಲದ ಜೀವಿಗಳನ್ನು ಮಕ್ಕಳಿಗೆ ಪರಿಚಯಿಸುವ ಫಲಕವೊಂದನ್ನು ಈ ವಾರವೇ ಬರೆಸಬೇಕಾಗಿದ್ದು, ಅದರಲ್ಲಿ ಒಂದು ಕಪ್ಪೆಯ ಹೆಸರು ತೊಡಕಾಗಿದೆ. ಮೈಯುದ್ದ ಎರಡೂವರೆ ಸೆಂಟಿಮೀಟರಿನ ಒಳಗೆ; ಮೂತಿ ಚೂಪು, ಬಾಯಿ ಚಿಕ್ಕದು; ತಿಳಿಗಂದು ಬೆನ್ನಿನ ಮೇಲೆ ಕಣ್ಣುಗಳ ನಡುವಿನಿಂದ ಹೊರಟು ಹಿಂದಕ್ಕೆ ಹೋಗುತ್ತ ಅಗಲವಾಗುವ ಕಪ್ಪು ಗುರುತು. ಹುಲ್ಲಿನ ಬುಡದಲ್ಲಿ, ತರಗೆಲೆಯ ಅಡಿಯಲ್ಲಿ ನೆಲದ ಮೇಲೆಯೇ ಇರುತ್ತದೆ. ಬಲ್ಲವರು ನೋಡಿ ಮೈಕ್ರೊಹೈಲಾ ಆರ್ನೇಟಾ ಎಂದು ಗುರುತಿಸಿದ್ದಾರೆ. ಕರಡಿನಲ್ಲಿ ‘ಅಲಂಕೃತ ಸೂಕ್ಷ್ಮಮುಖಿ ಮಂಡೂಕ’ ಎಂದಿದೆ. ಸರಳವಾಗಿ ‘ನೆಲಗಪ್ಪೆ’ ಎಂದರೆ ಆಗದೇ?

ಶಿರಸಿಯಿಂದ: ಆಗದು. ‘ನೆಲಗಪ್ಪೆ’ ಎಂಬುದು ಒರಟು ಚರ್ಮದ, ಮೈತುಂಬ ಗಂಟುಗಳಿರುವ ಟೋಡ್‌ಗೆ ಈಗಾಗಲೇ ರೂಢಿಯಾಗಿದೆ. ಆ ಹೆಸರನ್ನು ನುಣುಪು ಮೈಯ ಈ ಚಿಕ್ಕದಕ್ಕೆ ಕೊಟ್ಟರೆ ಓದಿದ ಮಗು ತಪ್ಪು ಪ್ರಾಣಿಯನ್ನು ಹುಡುಕುತ್ತದೆ. ಇನ್ನು ಕರಡಿನ ಹೆಸರಿನ ಬಗ್ಗೆ ಹೇಳುವುದೇನೂ ಇಲ್ಲ.

ಅಂಕೋಲೆಯಿಂದ: ‘ಅಲಂಕೃತ ಕಿರುಬಾಯಿ ಕಪ್ಪೆ’ ಎಂದು ಕೆಲವರು ಬರೆಯುತ್ತಾರೆ. ಅದು ಸಂಸ್ಕೃತ ಪದಕ್ಕೆ ಕನ್ನಡ ಪದವನ್ನು ಬೆಸೆದ ಶುದ್ಧ ಅರಿಸಮಾಸ. ಅಚ್ಚಗನ್ನಡದಲ್ಲಿ ‘ಕಿರುಬಾಯ್ಗಪ್ಪೆ’ ಎಂದು ನಿಲ್ಲಿಸಿದರೆ ಸಾಕು.

ಶಿರಸಿಯಿಂದ: ಸಮಾಸವೇ ಆಗದಿರುವಲ್ಲಿ ಅರಿಸಮಾಸ ಎಲ್ಲಿಂದ ಬಂತು? ‘ಅಲಂಕೃತ’ ಅಲ್ಲಿ ಬಿಡಿ ವಿಶೇಷಣ. ‘ಕಿರುಬಾಯಿ’ಯನ್ನು ನಾನೂ ಒಪ್ಪುತ್ತೇನೆ, ಆದರೆ ಅಚ್ಚಗನ್ನಡ ಎಂಬ ಕಾರಣಕ್ಕಲ್ಲ, ಅದು ಪ್ರಾಣಿಯ ಬದುಕನ್ನು ಹೇಳುತ್ತದೆ ಎಂಬ ಕಾರಣಕ್ಕೆ. ಈ ಕಪ್ಪೆಯ ಮುಖ್ಯ ಆಹಾರ ಇರುವೆ ಮತ್ತು ಗೆದ್ದಲು. ಅಷ್ಟಕ್ಕೆ ಅಷ್ಟೇ ಬಾಯಿ ಸಾಕು. ಮಳೆ ಹಿಡಿದ ಕೂಡಲೇ ಗದ್ದೆಯ ಅಂಚಿನಲ್ಲೋ ಕಲ್ಲಿನ ತಗ್ಗಿನಲ್ಲೋ ನಿಂತ ನೀರಿಗೆ ಬಂದು ಕೂಗುತ್ತದೆ, ಮೊಟ್ಟೆಗಳು ನೀರಿನ ಮೇಲೆ ತೆಳುವಾದ ಪದರವಾಗಿ ತೇಲುತ್ತವೆ, ಗೊದಮೊಟ್ಟೆಗಳು ಒಳಗಿನ ಕರುಳು ಕಾಣುವಷ್ಟು ಪಾರದರ್ಶಕವಾಗಿರುತ್ತವೆ. ಫಲಕದಲ್ಲಿ ಜಾಗವಿದ್ದರೆ ಹೆಸರಿನ ಜಗಳಕ್ಕಿಂತ ಇದನ್ನು ಬರೆಸಿ.

ಆದರೆ ‘ಕಿರುಬಾಯಿ’ ಒಂದರಿಂದ ಕೆಲಸ ಮುಗಿಯುವುದಿಲ್ಲ, ಏಕೆಂದರೆ ಅದು ಇಡೀ ಗುಂಪಿನ ಹೆಸರು. ಇದೇ ಕುಲದ ಇನ್ನೊಂದು ಕಪ್ಪೆಯನ್ನು 2016ರಲ್ಲಿ ಉಡುಪಿ ಜಿಲ್ಲೆಯ ಮಣಿಪಾಲದ ಸುತ್ತಲಿನ ಕಲ್ಲುಬಯಲಿನಿಂದ ಮೈಕ್ರೊಹೈಲಾ ಲ್ಯಾಟರೈಟ್ ಎಂದು ವಿವರಿಸಿದರು. ಅದರ ಉದ್ದ ಸುಮಾರು 1.6 ಸೆಂಟಿಮೀಟರ್. ಎರಡನ್ನೂ ‘ಕಿರುಬಾಯಿ’ ಎಂದರೆ ಗುರುತು ಹಿಡಿಯುವುದು ಹೇಗೆ? ಆರ್ನೇಟಾಕ್ಕೆ ‘ಚಿತ್ತಾರದ ಕಿರುಬಾಯಿ ಕಪ್ಪೆ’ ಎನ್ನಿ. ಗೋಡೆಯ ಮೇಲೆ ಬರೆಯುವ ಹಸೆ ಚಿತ್ತಾರವನ್ನು ಕಂಡ ಸಿದ್ದಾಪುರ, ಶಿರಸಿಯ ಮಕ್ಕಳಿಗೆ ಬೆನ್ನಿನ ಗುರುತು ತಾನಾಗಿ ತಿಳಿಯುತ್ತದೆ.

ಅಂಕೋಲೆಯಿಂದ: ‘ಚಿತ್ತಾರ’ ತದ್ಭವ. ಮತ್ತೆ ಸಾಲವೇ ಆಯಿತು. ಆ ಇನ್ನೊಂದಕ್ಕಾದರೂ ಲ್ಯಾಟರೈಟ್ ಬಿಟ್ಟು ‘ಜಂಬಿಟ್ಟಿಗೆ ಕಪ್ಪೆ’ ಎಂಬ ನಮ್ಮದೇ ಮಾತನ್ನು ಬಳಸಬೇಕು.

ಕಾರವಾರದಿಂದ: ಜಂಬಿಟ್ಟಿಗೆಯೊಳಗೆ ಕುಳಿತಿರುವ ‘ಇಟ್ಟಿಗೆ’ ಸಂಸ್ಕೃತದ ‘ಇಷ್ಟಿಕಾ’ದಿಂದ ಬಂದದ್ದು. 1807ರಲ್ಲಿ ಪ್ರಕಟವಾದ ತನ್ನ ಪ್ರವಾಸ ವರದಿಯಲ್ಲಿ ಫ್ರಾನ್ಸಿಸ್ ಬುಕಾನನ್ ಮಲಬಾರಿನ ಇದೇ ಬಗೆಯ ಕಲ್ಲಿಗೆ ಲ್ಯಾಟರೈಟ್ ಎಂದು ಹೆಸರಿಟ್ಟಾಗ ಆರಿಸಿಕೊಂಡದ್ದೂ ಇಟ್ಟಿಗೆ ಎಂಬರ್ಥದ ಲ್ಯಾಟಿನ್ ಪದವನ್ನೇ. ಅಗೆದಾಗ ಮೆತ್ತಗಿದ್ದು ಗಾಳಿಗೆ ಗಟ್ಟಿಯಾಗುವ ಕಲ್ಲನ್ನು ಕಡಿದು ಗೋಡೆ ಕಟ್ಟುವುದನ್ನು ಕಂಡ ಯಾರಿಗೂ ಬೇರೆ ಹೆಸರು ಹೊಳೆಯುವುದು ಕಷ್ಟ. ಸಾಲವಲ್ಲದ ಪದವೇ ಬೇಕೆನ್ನುವವರು ಮೊದಲು ಮನೆಯ ಗೋಡೆಗೆ ಬೇರೆ ಹೆಸರು ಹುಡುಕಲಿ. ನಮ್ಮ ಕಡೆ ಜನ ಆಡುವ ಮಾತು ‘ಚಿರೆಕಲ್ಲು’, ಉಡುಪಿಯ ಕಡೆ ‘ಮುರಕಲ್ಲು’. ಆ ಕಪ್ಪೆ ಅಲ್ಲಿಯದಾದ್ದರಿಂದ ‘ಮುರಕಲ್ಲ ಕಪ್ಪೆ’ ಎನ್ನುವುದು ನ್ಯಾಯ.

ಸಾಲ ಒಂದೇ ಕಡೆಗೆ ಹರಿಯುತ್ತದೆ ಎಂಬ ಅಳಲೂ ಅನಗತ್ಯ. ನಮ್ಮ ಜಿಲ್ಲೆಯ ಕತ್ತಲೆಕಾನಿನ ತೊರೆಗಳಲ್ಲಿ, ಗಂಡು ಕಪ್ಪೆಯು ಮುಂಗೈಗಳಿಂದ ಕೆಸರು ತೆಗೆದು ಮೊಟ್ಟೆಗಳಿಗೆ ಮೆತ್ತುವುದನ್ನು ಕಂಡವರು 2014ರಲ್ಲಿ ಆ ಪ್ರಭೇದಕ್ಕೆ ನಿಕ್ಟಿಬ್ಯಾಟ್ರಾಕಸ್ ಕುಂಬಾರ ಎಂದು ಹೆಸರಿಟ್ಟರು. ಅದನ್ನು ಲ್ಯಾಟಿನ್ ಪಂಡಿತರು ಅರಿಸಮಾಸವೆಂದು ತಳ್ಳಿಹಾಕಲಿಲ್ಲ.

ಅಂಕೋಲೆಯಿಂದ: ‘ಕುಂಬಾರ’ವೂ ‘ಕುಂಭಕಾರ’ದ ತದ್ಭವವೇ.

ಕುಮಟಾದಿಂದ: ಫಲಕ ಬರೆಯುವವರಿಗೆ ‘ಚಿತ್ತಾರದ ಕಿರುಬಾಯಿ ಕಪ್ಪೆ’ ಎಂದು ಕಳುಹಿಸಿದ್ದೇನೆ, ಕೆಳಗೆ ವೈಜ್ಞಾನಿಕ ಹೆಸರು ಕನ್ನಡ ಲಿಪಿಯಲ್ಲಿ ಬರುತ್ತದೆ, ಇರುವೆ ಗೆದ್ದಲಿನ ಮಾತಿಗೆ ಒಂದು ಸಾಲು ಸಿಕ್ಕಿದೆ. ಮುರಕಲ್ಲಿನ ಕಪ್ಪೆಯನ್ನು ನಮ್ಮ ಬಯಲಿನಲ್ಲಿ ಕಂಡಿಲ್ಲವಾದ್ದರಿಂದ ಅದನ್ನು ಸೇರಿಸಿಲ್ಲ.