ಸಹಾಯ ಬೇಕು: ತಾಯ್ತನದ ಪರಿಚ್ಛೇದಕ್ಕೆ ಸಮಾನಾರ್ಥಕ ಪದಗಳು

ನಮಸ್ಕಾರ್ರಿ. ಧಾರವಾಡದ ಒಂಬತ್ತನೇ ತರಗತಿ ಮಕ್ಕಳಿಗೆ ಅಭ್ಯಾಸ: ತಾಯ್ತನದ ಮೇಲಿನ 6 ಸಾಲು, ಅಡಿಗೆರೆ ಎಳೆದ ಪದಕ್ಕೆ ಬೇರೆ ಪದ ಇಟ್ಟು ಬರೀಬೇಕು, ಅರ್ಥ ಕೆಡಬಾರದು.

‘ತಾಯಿ’ಗೆ ಅವ್ವ, ಮಾತೆ, ಜನನಿ ಎಲ್ಲಾ ಅದಾವು. ಆದರೆ ‘ಜನನಿ ಕೂಸಿಗೆ ಎಣ್ಣೆ ಹಚ್ಚಿ ಎರೆದಳು’ ಕಿವಿಗೆ ಒಗ್ಗೂದಿಲ್ಲ. ಎರೆಯೂದು ಮನೆಮಾತು, ಅಲ್ಲಿ ಅವ್ವನೇ ಸರಿ. ‘ಬಸಿರು’ ತೆಗೆದು ‘ಗರ್ಭಿಣಿ’ ಇಟ್ಟರೆ ವಾಕ್ಯವೇ ಮುರೀತದ: ಬಸಿರಿಗೆ ಗರ್ಭ, ಬಸುರಿಗೆ ಗರ್ಭಿಣಿ. ‘ಮಡಿಲು ತುಂಬಿದರು’ ಅನ್ನೋದಕ್ಕೆ ನಮ್ಮ ಕಡೆ ‘ಉಡಿ ತುಂಬಿದರು’ ಚಂದ ಕೂಡ್ತದ, ‘ತೊಡೆ’ ಮಾತ್ರ ಬೇಡ. ಹೆರಿಗೆಗೆ ಪ್ರಸವ, ಜೋಗುಳಕ್ಕೆ ಲಾಲಿ ಆತು.

ಸಿಕ್ಕಿಬಿದ್ದದ್ದು ‘ಬಾಣಂತನ’. ‘ಆರೈಕೆ’ ಅಂದರೆ ಖಾರ, ಕಾಯಿಸೂದು, ಬಿಸಿನೀರು ಎಲ್ಲಾ ಬಿಟ್ಟುಹೋಗ್ತದ. ‘ಅವ್ವ ಮಗಳ ಬಾಣಂತನ ಮಾಡಿದಳು’ ಇದಕ್ಕೆ ಒಂದೇ ಪದ ತಿಳಿದವರು ಹೇಳ್ರಿ, ವಾಕ್ಯದಾಗ ಕೂಡಿಸೇ ಬರೀರಿ.