ಆಟಕ್ಕೊಂದು ಗುಟ್ಟಿನ ಗ್ರಂಥ ಬೇಕು, ಹೇಗೆ ಬರೆಯೋದು?

ಠಾಣೆಯ ದಾಳಗಾರ:
ನಮಸ್ಕಾರ. ಭಾನುವಾರ ನಮ್ಮ ಸೊಸೈಟಿಯಲ್ಲಿ ಐದಾರು ಜನ ಸೇರಿ ದಾಳ ಉರುಳಿಸಿ ಕಥೆ ಕಟ್ಟುವ ಆಟ ಆಡುತ್ತೇವೆ. ಕಥೆ ನಡೆಸೋನು ನಾನು. ನಮ್ಮ ಲೋಕದ ಹೆಸರು ಉಪ್ಪುನಾಡು. ಅಲ್ಲಿ ಸೂರ್ಯ ಮುಳುಗೋದು ಕಡಲಿಗಲ್ಲ, ಒಂದು ಕೆರೆಗೆ. ಕೆರೆ ದಂಡೆಯ ಮಠದಲ್ಲಿ ‘ನೀರ್ದೀವಿಗೆ’ ಅಂತ ಒಂದು ಪವಿತ್ರ ಗ್ರಂಥ ಇದೆ. ಮುಳುಗಿದ ಬೆಳಕನ್ನು ಮೈಯೊಳಗೆ ಇಳಿಸಿಕೊಳ್ಳುವ ವಿದ್ಯೆ ಅದರಲ್ಲಿದೆ. ದೀಕ್ಷೆ ಆದವರಿಗೆ ಮಾತ್ರ ಹೇಳಿಕೊಡುತ್ತಾರೆ.

ಹೋದ ವಾರ ಅದರ ಒಂದು ಪುಟ ಓದಿ ಹೇಳಿದೆ. ಕತ್ತಲೆಯೇ ಬೆಳಕಿನ ತಾಯಿ, ಅದು ಇದು ಅಂತ. ಎಲ್ಲರೂ ಬಿದ್ದು ಬಿದ್ದು ನಕ್ಕರು. ವಾಟ್ಸಾಪ್ ಗುಡ್ ಮಾರ್ನಿಂಗ್ ಮೆಸೇಜ್ ಇದ್ದ ಹಾಗಿದೆಯಂತೆ! ಹಳೆಯದು, ಗುಟ್ಟಿನದು ಅನ್ನಿಸೋ ಹಾಗೆ ಮಾಡೋದು ಹೇಗೆ? ಮುಂದಿನ ಆಟದಲ್ಲಿ ಇವರು ಮಠಕ್ಕೆ ನುಗ್ಗುತ್ತಾರೆ. ಗ್ರಂಥ ಕೈಗೆ ಸಿಕ್ಕೇ ಸಿಗುತ್ತೆ.

ಡೊಂಬಿವಲಿ ಫಾಸ್ಟ್:
ಹಳಗನ್ನಡದಲ್ಲಿ ಬರೆದುಬಿಡಿ ಮಾರಾಯ್ರೆ. ಅರ್ಥ ಆಗದಿದ್ದರೆ ಯಾರೂ ನಗಲ್ಲ.

ಪುಣೆಯ ಓಲೆಗರಿ:
ಹಳಗನ್ನಡ ಬೇಡ, ಎರಡೇ ಸಾಲಿಗೆ ಬಣ್ಣ ಬಯಲಾಗುತ್ತೆ. ತಮ್ಮಾ, ನೀನು ಗ್ರಂಥ ಬರೆಯೋಕೇ ಹೋಗಬೇಡ. ಅದನ್ನು ಕಾಯೋರು, ನಕಲು ಮಾಡೋರು, ಅದಕ್ಕಾಗಿ ಕಿತ್ತಾಡೋರು, ಇವರನ್ನು ಬರೆ.

ಹಸ್ತಪ್ರತಿಗಳ ಪಟ್ಟಿ ಮಾಡೋದು ನನ್ನ ಹೊಟ್ಟೆಪಾಡು. ಓಲೆಗರಿ ಕಟ್ಟು ಕೈಗೆ ಬಂದಾಗ ಮೊದಲು ಕಾಣೋದು ಅಕ್ಷರ ಅಲ್ಲ. ಮೇಲೊಂದು ಕೆಳಗೊಂದು ಮರದ ಹಲಗೆ, ನಡುವೆ ಗರಿಗಳು, ತೂತಿನಲ್ಲಿ ದಾರ. ಕಂಟ ಅನ್ನೋ ಕಬ್ಬಿಣದ ಮೊನೆಯಿಂದ ಕೊರೆದ ಅಕ್ಷರ ಮಸಿ ಬಳಿದರೇನೇ ಎದ್ದು ಕಾಣೋದು. ಮಸಿ ಹೋದ ಗರಿ ಮೇಲ್ನೋಟಕ್ಕೆ ಖಾಲಿ. ಬೆಳಕಿಗೆ ಓರೆಯಾಗಿ ಹಿಡಿದರೆ ಮಾತ್ರ ಗೀರು ಕಾಣುತ್ತೆ. ನಿನ್ನ ಆಟಗಾರರಿಗೆ ಇಂಥ ಖಾಲಿ ಗರಿ ಕೊಡು. ದೀಪದ ಮಸಿ ಬಳಿಯೋಣ ಅಂತ ಯಾರಿಗೆ ಹೊಳೆಯುತ್ತೋ ನೋಡೋಣ.

ಪದಗಳ ನಡುವೆ ಜಾಗ ಬಿಡುವ ರೂಢಿಯೂ ಇರಲಿಲ್ಲ. ಸಾಲನ್ನು ಎಲ್ಲಿ ಒಡೆಯಬೇಕು ಅನ್ನೋದರ ಮೇಲೇ ನಿನ್ನ ಮಠ ಎರಡು ಹೋಳಾಗಲಿ. ಒಂದೊಂದು ನಕಲು ಪ್ರತಿಯಲ್ಲೂ ಸಾಲುಗಳು ಒಂದೊಂದು ಥರ ಇರುತ್ತವೆ. ಇಲ್ಲಿನ ಭಂಡಾರಕರ ಸಂಸ್ಥೆಯವರು ಮಹಾಭಾರತದ ಪ್ರತಿಗಳನ್ನು ಹೋಲಿಸೋಕೆ ಕೂತಿದ್ದು 1919ರಲ್ಲಿ, ಮುಗಿಸಿದ್ದು 1966ರಲ್ಲಿ!

ಕೊನೆಯ ಗರಿ ಮರೀಬೇಡ. ಅಲ್ಲಿ ನಕಲುಗಾರ ತನ್ನ ಗೋಳು ಹೇಳಿಕೊಳ್ಳುತ್ತಾನೆ. ಬೆನ್ನು, ಸೊಂಟ, ಕತ್ತು ಮುರಿದುಕೊಂಡು, ತಲೆ ತಗ್ಗಿಸಿ, ಕಷ್ಟಪಟ್ಟು ಬರೆದಿದ್ದೇನೆ, ಜೋಪಾನ ಮಾಡಿ ಅಂತ ಒಂದು ಸಂಸ್ಕೃತ ಶ್ಲೋಕ ಎಷ್ಟೋ ಪ್ರತಿಗಳಲ್ಲಿದೆ. ಇನ್ನೊಂದರಲ್ಲಿ ಪುಸ್ತಕವೇ ಬಾಯಿಬಿಟ್ಟು ಬೇಡುತ್ತೆ: ಎಣ್ಣೆಯಿಂದ ಕಾಪಾಡು, ನೀರಿನಿಂದ ಕಾಪಾಡು, ಸಡಿಲ ಕಟ್ಟಿನಿಂದ ಕಾಪಾಡು, ಮೂರ್ಖನ ಕೈಗೆ ಕೊಡಬೇಡ. ನಿನ್ನ ಮಠವೋ ಕೆರೆ ದಂಡೆಯಲ್ಲೇ ಇದೆ.

ಇನ್ನು ಒಳಗೇನಿದೆ ಅನ್ನೋದು. ಮೂಡಬಿದಿರೆಯ ಬಸದಿಯಲ್ಲಿ ಷಟ್ಖಂಡಾಗಮ ಅನ್ನೋ ಜೈನರ ಪವಿತ್ರ ಗ್ರಂಥ, ಅದರ ಮೇಲೆ ವೀರಸೇನರು ಬರೆದ ಧವಲಾ ಟೀಕೆ, ಅಂದರೆ ವಿವರಣೆ, ಎರಡೂ ಹಳೆಯ ಕನ್ನಡ ಲಿಪಿಯ ಗರಿಗಳಲ್ಲಿ ಉಳಿದುಕೊಂಡವು. ಜನ ಬಹುಕಾಲ ಅವುಗಳ ದರ್ಶನ ಮಾಡಿ, ಕೈ ಮುಗಿದು ಹೋಗುತ್ತಿದ್ದರು, ಅಷ್ಟೇ. ಓದೋ ಮಾತೇ ಇಲ್ಲ. ಮೊದಲ ಸಂಪುಟ ಅಚ್ಚಾಗಿದ್ದು 1939ರಲ್ಲಿ. ತೆರೆದು ನೋಡಿದರೆ ಒಳಗೆ ಕರ್ಮದ ವಿಂಗಡಣೆ, ಭಾರೀ ಸಂಖ್ಯೆಗಳು. ಒಂದು ಸಂಖ್ಯೆಯನ್ನು ಎಷ್ಟು ಸಲ ಅರ್ಧ ಮಾಡಬಹುದು ಅನ್ನೋ ಲೆಕ್ಕವೂ ಇದೆ, ಅದಕ್ಕೆ ಅರ್ಧಚ್ಛೇದ ಅನ್ನುತ್ತಾರೆ. ನಿಜವಾಗಿ ಸಾಧನೆ ಮಾಡೋರಿಗೆ ಸುಭಾಷಿತ ಬೇಕಾಗಿಲ್ಲ. ಎಷ್ಟು, ಯಾವಾಗ, ಯಾವುದಾದ ಮೇಲೆ ಯಾವುದು, ಇದು ಬೇಕು. ಬೆಳಕಿನ ತಾಯಿ ತಂದೆ ಎಲ್ಲ ಕಿತ್ತು ಹಾಕು.

ಠಾಣೆಯ ದಾಳಗಾರ:
ಅಕ್ಕಾ, ಇಷ್ಟು ಸಿಗುತ್ತೆ ಅಂದುಕೊಂಡಿರಲಿಲ್ಲ! ಸುಮ್ನೆ ಒಂದು ಗರಿ ಬರೆದೆ, ನೋಡಿ:
“ಏಳನೇ ಮೆಟ್ಟಿಲಲ್ಲಿ ನೀರು ಎದೆಮಟ್ಟ. ಉಸಿರು ಅರ್ಧ. ಎಂಟರಲ್ಲಿ ಅದರರ್ಧ. ಕಣ್ಣು ತೆರೆದೇ ಇರಲಿ. ಒಂಬತ್ತರಲ್ಲಿ” – ಮುಂದೆ ಹುಳ ತಿಂದಿದೆ.

ಪುಣೆಯ ಓಲೆಗರಿ:
ಇದು ಸೈ. ಆ ತೂತಿನ ಮೇಲೆ ಇಬ್ಬರು ಗುರುಗಳು ಎರಡು ಟೀಕೆ ಬರೆದಿರಲಿ. ಒಬ್ಬ ಉಸಿರು ಬಿಡು ಅನ್ನಲಿ, ಇನ್ನೊಬ್ಬ ಹಿಡಿ ಅನ್ನಲಿ. ತಪ್ಪು ಮಾಡಿದವನು ಮುಳುಗುತ್ತಾನೆ.

ಫೋಂಡಾದ ಮಳೆ:
ಗ್ರಂಥ ಮಠದಲ್ಲೇ ಯಾಕಿರಬೇಕು ಸರ್? ನಮ್ಮ ಗೋವಾದ ಮಂಗೇಶಿ ದೇವರು ಮೊದಲು ಇದ್ದದ್ದು ಕುಶಸ್ಥಳಿಯಲ್ಲಿ, ಈಗಿನ ಕೊರ್ಟಾಲಿಮ್. ಪೋರ್ಚುಗೀಸರ ಕಾಟಕ್ಕೆ 1560ರಲ್ಲಿ ಲಿಂಗವನ್ನು ಜುವಾರಿ ನದಿ ದಾಟಿಸಿ ಪ್ರಿಯೋಳಕ್ಕೆ ತಂದರು. ನಿಮ್ಮವರು ನುಗ್ಗೋ ಹೊತ್ತಿಗೆ ಮಠ ಖಾಲಿ ಮಾಡಿಸಿ. ಗ್ರಂಥ ಹೊಳೆಯಾಚೆ ಯಾವುದೋ ಅಡುಗೆಮನೆ ಅಟ್ಟದಲ್ಲಿರಲಿ. ಲಿಪಿಯೂ ಸತ್ತಿರಲಿ. ಇಲ್ಲಿ ಗೋಯ್‌ಕಾನಡಿ ಅಂತ ಒಂದಿತ್ತು, ನಮ್ಮ ಕನ್ನಡ ಲಿಪಿಯ ನಂಟಿನದು. ಕೊಂಕಣಿ, ಮರಾಠಿ ಎರಡನ್ನೂ ಅದರಲ್ಲಿ ಬರೆಯುತ್ತಿದ್ದರು. ಈಗ ಓದಬಲ್ಲವರನ್ನು ಹುಡುಕಬೇಕು. ನಿಮ್ಮ ಆಟದಲ್ಲೂ ಓದಬಲ್ಲವಳು ಒಬ್ಬಳೇ ಇರಲಿ. ಅವಳಿಗೆ ಮಠದವರನ್ನು ಕಂಡರೆ ಆಗಬಾರದು.

ಡೊಂಬಿವಲಿ ಫಾಸ್ಟ್:
ಒಂಬತ್ತನೇ ಮೆಟ್ಟಿಲಿನ ಉತ್ತರ ಇಲ್ಲಿ ಬರೆಯಬೇಡಿ ಮಾರಾಯ್ರೆ. ನಿಮ್ಮಲ್ಲಿ ಇನ್ನೊಬ್ಬ ಆಟಗಾರನಿಗೆ ಜಾಗ ಉಂಟಾ?