ಅವಕಾಶವೋ, ಹಕ್ಕೋ? ಕಾಸರಗೋಡಿನ ಕಾಗದಪತ್ರಗಳ ಒಂದು ಪದ

ಮಾನ್ಯ ಸದಸ್ಯರಿಗೆ ನಮಸ್ಕಾರ.

ಕಳೆದ ತಿಂಗಳು ನೆರೆಮನೆಯ ದೊಡ್ಡಮ್ಮನೊಬ್ಬರು ತಮ್ಮ ಹತ್ತು ಸೆಂಟ್ಸ್ ಜಾಗಕ್ಕೆ ಸಂಬಂಧಿಸಿದ ಮಲಯಾಳದ ಕಾಗದವೊಂದನ್ನೂ, ಅದಕ್ಕೆ ಯಾರೋ ಬರೆದುಕೊಟ್ಟ ಕನ್ನಡ ಅನುವಾದವನ್ನೂ ಪ್ಲಾಸ್ಟಿಕ್ ತೊಟ್ಟೆಯಲ್ಲಿ ಸುತ್ತಿಕೊಂಡು ಓದಿಸಲೆಂದು ತಂದಿದ್ದರು. ಅನುವಾದದಲ್ಲಿ 'ಸದ್ರಿ ಸ್ಥಳದಲ್ಲಿ ಅರ್ಜಿದಾರರಿಗೆ ಕೈವಶ ಅವಕಾಶ ಇರುತ್ತದೆ' ಎಂದಿತ್ತು. ನಾನು ಓದಿ ಮುಗಿಸಿದಾಗ ಅವರು ಕೇಳಿದ್ದು ಒಂದೇ ಮಾತು: "ಈ ಅವಕಾಶ ಎಷ್ಟು ವರ್ಷಕ್ಕೆ ಕೊಟ್ಟದ್ದು ಮಗಾ?" ಮದುವೆಯಾಗಿ ಬಂದಂದಿನಿಂದ ಅದೇ ಜಾಗದಲ್ಲಿ ಬದುಕಿದವರಿಗೆ ಆ ಕಾಗದ ಅವಧಿ ಮುಗಿದೊಡನೆ ಬಿಟ್ಟುಕೊಡಬೇಕಾದ ಪರವಾನಗಿಯಂತೆ ಕೇಳಿಸಿತ್ತು. ನನ್ನ ಈ ಪ್ರಶ್ನೆ ಹುಟ್ಟಿದ್ದು ಅಲ್ಲಿಂದ.

ಮಲಯಾಳದಲ್ಲಿ 'ಅವಕಾಶಂ' ಎಂದರೆ ಹಕ್ಕು. ಮೌಲಿಕಾವಕಾಶಂ ಎಂದರೆ ಮೂಲಭೂತ ಹಕ್ಕು, ಸ್ವತ್ತವಕಾಶಂ ಎಂದರೆ ಆಸ್ತಿಯ ಹಕ್ಕು, ನಾವು ಮಾಹಿತಿ ಹಕ್ಕು ಎನ್ನುವುದು ಅವರಿಗೆ ವಿವರಾವಕಾಶಂ. ಸಂಸ್ಕೃತದಲ್ಲಿ ಈ ಪದಕ್ಕೆ ಎಡೆ, ತೆರಪು, ಸಂದರ್ಭ ಎಂಬ ಅರ್ಥಗಳಿದ್ದು ಕನ್ನಡ ಅವುಗಳನ್ನೇ ಉಳಿಸಿಕೊಂಡಿದೆ. 'ಮಾತಾಡಲು ಅವಕಾಶ ಕೊಡಿ' ಎಂದು ನಾವು ಅಧ್ಯಕ್ಷರನ್ನು ಕೇಳಿಕೊಳ್ಳುತ್ತೇವೆ, ಅವರು ಕೊಟ್ಟರೆ ಉಂಟು, ಇಲ್ಲವಾದರೆ ಇಲ್ಲ. ಹಕ್ಕಿಗೆ ನಾವು ಬಳಸುವುದು ಅರಬ್ಬಿಯಿಂದ ಬಂದ ಪದವನ್ನು. ಆ ಭಾಷೆಯಲ್ಲಿ ಅದಕ್ಕೆ ಸತ್ಯ, ಸಲ್ಲತಕ್ಕದ್ದು ಎಂಬ ಅರ್ಥಗಳೂ ಇವೆ. ಸಲ್ಲತಕ್ಕದ್ದನ್ನು ಯಾರೂ ದಯೆಯಿಂದ ಕೊಡಬೇಕಾಗಿಲ್ಲ. ಒಂದೇ ಸಂಸ್ಕೃತ ಪದ ಚಂದ್ರಗಿರಿ ಹೊಳೆಯ ಆಚೀಚೆ ಇಷ್ಟು ಬೇರೆಯಾಗಿ ನಿಂತಿರುವಾಗ ಅಕ್ಷರ ಮಾತ್ರ ಬದಲಿಸಿ ಅನುವಾದವೆಂದು ಕರೆಯುವುದು ಸರಿಯಲ್ಲ.

'ಕೈವಶ'ದ ತೊಡಕು ಬೇರೆ. ಮಲಯಾಳದ ಕೈವಶಾವಕಾಶ ಸರ್ಟಿಫಿಕೇಟ್ ಜಾಗ ಯಾರ ಅನುಭೋಗದಲ್ಲಿದೆ ಎಂಬುದನ್ನಷ್ಟೇ ಹೇಳುತ್ತದೆ. ಕನ್ನಡದಲ್ಲಿ ಕೋಟೆಯನ್ನು ಕೈವಶ ಮಾಡಿಕೊಳ್ಳುತ್ತಾರೆ. ಹಾಗೆಂದು 'ಸ್ವಾಧೀನ' ಎಂದು ಬರೆದರೂ ಸಮಾಧಾನವಿಲ್ಲ. ಒಕ್ಕಲು ಉಳುತ್ತಿರುವ ಗದ್ದೆ ಅವನ ಸ್ವಾಧೀನದಲ್ಲಿದೆ ಎನ್ನುತ್ತೇವೆ, ಸರಕಾರ ಹೆದ್ದಾರಿಗಾಗಿ ಅದನ್ನು ತೆಗೆದುಕೊಂಡರೆ ಅದನ್ನೂ ಭೂಸ್ವಾಧೀನ ಎನ್ನುತ್ತೇವೆ. ಇರುವವನ ಕೈಯಲ್ಲಿರುವುದಕ್ಕೂ ಅವನ ಕೈಯಿಂದ ಹೋಗುವುದಕ್ಕೂ ಒಂದೇ ಪದ! ತಲಪಾಡಿಯಿಂದ ಚೆಂಗಳದವರೆಗೆ ರಸ್ತೆ ಅಗಲವಾದ ವರ್ಷಗಳಲ್ಲಿ ಈ ಗೊಂದಲವನ್ನು ಅಂಗಡಿ ಜಗಲಿಗಳಲ್ಲಿ ನಾನೇ ಕೇಳಿದ್ದೇನೆ.

ನಿವೃತ್ತ ಅಧ್ಯಾಪಕರಾದ ಮಿತ್ರರೊಬ್ಬರು ನನ್ನ ಆಕ್ಷೇಪವನ್ನು ಒಪ್ಪಲಿಲ್ಲ. ಸಂವಿಧಾನದ 44ನೆಯ ತಿದ್ದುಪಡಿಯ ಪ್ರಕಾರ 1979ರ ಜೂನ್ 20ರಿಂದ ಆಸ್ತಿಯ ಹಕ್ಕು ಮೂಲಭೂತ ಹಕ್ಕುಗಳ ಪಟ್ಟಿಯಲ್ಲಿಲ್ಲ, ಆದುದರಿಂದ 'ಅವಕಾಶ'ವೇ ಈಗ ಹೆಚ್ಚು ಪ್ರಾಮಾಣಿಕವಾದ ಪದ ಎಂದು ಅವರ ವಾದ. ಮಾತು ಚಮತ್ಕಾರದ್ದು, ಆದರೆ ನನಗೆ ಒಪ್ಪಿಗೆಯಾಗಲಿಲ್ಲ. ಅದೇ ತಿದ್ದುಪಡಿ 300ಎ ವಿಧಿಯನ್ನು ಸೇರಿಸಿ, ಕಾನೂನಿನ ಅಧಿಕಾರವಿಲ್ಲದೆ ಯಾರ ಆಸ್ತಿಯನ್ನೂ ಕಸಿಯುವಂತಿಲ್ಲ ಎಂದು ಸರಕಾರಕ್ಕೆ ಗೆರೆ ಹಾಕಿತು. ಮೂಲಭೂತವಲ್ಲದಿದ್ದರೂ ಅದು ಸಾಂವಿಧಾನಿಕ ಹಕ್ಕು. ಗೆರೆ ದಾಟಿದ ಅಧಿಕಾರಿಯನ್ನು ಇಂದಿಗೂ ಹೈಕೋರ್ಟಿನಲ್ಲಿ ಪ್ರಶ್ನಿಸಬಹುದು.

ಈ ಗೆರೆಯ ಪ್ರಶ್ನೆ ದೇಶದ ಮುಂದೆ ಬಂದದ್ದೂ ನಮ್ಮ ನೆರೆಯ ಎಡನೀರಿನಿಂದಲೇ. 1970ರಲ್ಲಿ ಎಡನೀರು ಮಠದ ಕೇಶವಾನಂದ ಭಾರತೀ ಸ್ವಾಮಿಗಳು ಕೇರಳದ ಭೂಸುಧಾರಣಾ ಕಾಯ್ದೆಯನ್ನು ಪ್ರಶ್ನಿಸಿ ಸುಪ್ರೀಂ ಕೋರ್ಟಿನ ಮೆಟ್ಟಿಲೇರಿದರು. 1973ರ ಏಪ್ರಿಲ್ 24ರಂದು 13 ನ್ಯಾಯಾಧೀಶರ ಪೀಠ 7–6ರ ಅಂತರದಲ್ಲಿ, ಸಂಸತ್ತು ಸಂವಿಧಾನದ ಯಾವ ಭಾಗವನ್ನೂ ತಿದ್ದಬಹುದಾದರೂ ಅದರ ಮೂಲ ರಚನೆಯನ್ನು ಕೆಡಿಸುವಂತಿಲ್ಲ ಎಂದಿತು. ಆ ತೀರ್ಪು ಭೂಸುಧಾರಣೆಯನ್ನು ತಡೆಯಲಿಲ್ಲ, ತಡೆಯದೆ ಇದ್ದುದರಿಂದಲೇ ಇಲ್ಲಿನ ಎಷ್ಟೋ ಗೇಣಿದಾರರ ಮನೆಯಲ್ಲಿ ಇಂದು ಜಾಗದ ಕಾಗದವಿದೆ ಎಂಬುದನ್ನೂ ಹೇಳಬೇಕು. ಆದರೆ ಅಧಿಕಾರಕ್ಕೆ ಮೇರೆಯುಂಟು ಎಂಬ ಮಾತು ಉಳಿಯಿತು. ಆ ಮೇರೆಯ ಈಚೆಗೆ ಪ್ರಜೆ ಹಿಡಿದುಕೊಂಡು ನಿಲ್ಲುವುದನ್ನು 'ಅವಕಾಶ' ಎಂದರೆ ಅದು ಕೊಡುವವನ ಕಡೆಗೆ ವಾಲಿಬಿಡುತ್ತದೆ.

ನಮ್ಮ ಹಳೆಯ ದಕ್ಷಿಣ ಕನ್ನಡ ಜಿಲ್ಲೆಯ ಭೂಭಾಷೆಗೆ ಈ ತರತಮಗಳು ಚೆನ್ನಾಗಿ ಗೊತ್ತಿದ್ದವು. ಮೂಲಗೇಣಿ ಶಾಶ್ವತವಾದದ್ದು, ಚಾಲಗೇಣಿ ಧಣಿಯ ಇಷ್ಟದ ಮೇಲೆ ನಡೆಯುವಂಥದ್ದು. ಇವೆರಡಕ್ಕಿಂತ ಕುತೂಹಲದ ಪದ ಕುಮ್ಕಿ: ವರ್ಗ ಜಾಗಕ್ಕೆ, ಅಂದರೆ ಒಬ್ಬನ ಹೆಸರಿನಲ್ಲಿ ಕಂದಾಯ ಕಟ್ಟುವ ಜಾಗಕ್ಕೆ, ತಾಗಿದ ಸರಕಾರಿ ಭೂಮಿಯಲ್ಲಿ ನೂರು ಗಜದೊಳಗೆ ಸೊಪ್ಪು, ಸೌದೆ ತರಬಹುದು, ದನ ಮೇಯಿಸಬಹುದು, ಆದರೆ ಭೂಮಿ ತನ್ನದೆನ್ನುವಂತಿಲ್ಲ. ಸಹಾಯ ಎಂಬರ್ಥದ 'ಕುಮಕ್'ನಿಂದ ಬಂದ ಈ ಪದ ನಾವು ಬೈಗುಳಕ್ಕೆ ಮೀಸಲಿಟ್ಟಿರುವ 'ಕುಮ್ಮಕ್ಕಿ'ನ ಒಡಹುಟ್ಟು. 'ಅವಕಾಶ' ಎಂಬ ಪದ ನಿಜವಾಗಿ ಒಪ್ಪುವುದಾದರೆ ಕುಮ್ಕಿಗೆ ಒಪ್ಪೀತು, ದೊಡ್ಡಮ್ಮನ ಹತ್ತು ಸೆಂಟ್ಸಿಗೆ ಅಲ್ಲ.

ಚುನಾವಣೆಯ ಪದಗಳಲ್ಲಿ ಇದೇ ಕಥೆ ತಿರುವುಮುರುವಾಗುತ್ತದೆ. ನಮ್ಮ ವಾಚನಾಲಯಕ್ಕಾಗಿ ಮತದಾರರ ತಿಳಿವಳಿಕೆಯ ಕರಪತ್ರವೊಂದನ್ನು ಕನ್ನಡಿಸುವಾಗ ಇದು ಅನುಭವಕ್ಕೆ ಬಂತು. ಮಲಯಾಳದ ಇಂದಿನ ಬಳಕೆಯಲ್ಲಿ 'ಮತಂ' ಎಂದರೆ ಸಾಮಾನ್ಯವಾಗಿ ಧರ್ಮ, ಆದುದರಿಂದ 'ಮತದಾನ' ಎಂದರೆ ಅಲ್ಲಿಯ ಓದುಗರಿಗೆ ವಿಚಿತ್ರವಾಗಿ ಕೇಳಿಸೀತು. ಅವರು ಮತದಾರನನ್ನು 'ಸಮ್ಮತಿದಾಯಕ' ಎನ್ನುತ್ತಾರೆ. ಆಳುವವರಿಗೆ ಒಪ್ಪಿಗೆ ಕೊಡುವವನು ಎಂಬ ಈ ಅರ್ಥ ನಮ್ಮ ಪದಕ್ಕಿಂತ ಚೆನ್ನಾಗಿದೆ ಎಂದು ನನ್ನ ಅನಿಸಿಕೆ, ಅಲ್ಲಿ ಮಲಯಾಳಕ್ಕೆ ತಲೆಬಾಗಲು ಅಡ್ಡಿಯಿಲ್ಲ. ಅಭ್ಯರ್ಥಿ ಸಲ್ಲಿಸುವ 'ಸತ್ಯವಾಙ್ಮೂಲ'ವನ್ನೂ ನಾನು ಹಾಗೆಯೇ ಇಟ್ಟುಕೊಂಡೆ, ಏಕೆಂದರೆ 'ಪ್ರಮಾಣಪತ್ರ' ಎಂದರೆ ಜಾತಿ, ಆದಾಯಗಳ ಸರ್ಟಿಫಿಕೇಟೂ ಆಗಬಹುದು. ಆದರೆ ಅಭ್ಯರ್ಥಿಯ ಆಸ್ತಿ, ವಿದ್ಯಾಭ್ಯಾಸ, ಕ್ರಿಮಿನಲ್ ಮೊಕದ್ದಮೆಗಳನ್ನು ಮತದಾರ ತಿಳಿಯುವುದು ವಾಕ್ ಸ್ವಾತಂತ್ರ್ಯದೊಳಗಿನ ಮೂಲಭೂತ ಹಕ್ಕೆಂದು 2002ರಲ್ಲಿ ಸುಪ್ರೀಂ ಕೋರ್ಟು ಹೇಳಿದ ಮೇಲೆ, ಕರಪತ್ರದಲ್ಲಿ 'ತಿಳಿಯುವ ಅವಕಾಶ' ಎಂದು ಬರೆಯಲು ಕೈ ಬರಲಿಲ್ಲ. ತಿಳಿಯುವ ಅವಕಾಶ ತಪ್ಪಿಹೋದರೆ ಮುಂದಿನ ಬಾರಿ ನೋಡೋಣ ಎನ್ನಬಹುದು. ತಿಳಿಯುವ ಹಕ್ಕು ತಪ್ಪಿದರೆ ಯಾಕೆಂದು ಕೇಳಬೇಕಾಗುತ್ತದೆ.

ಈಗ ನನ್ನ ವಿನಂತಿ. 1956ಕ್ಕಿಂತ ಹಿಂದಿನ, ಅಂದರೆ ನಾವು ಮದ್ರಾಸಿಗೆ ಸೇರಿದ್ದ ಕಾಲದ ಗೇಣಿಚೀಟು, ಪಾಲುಪಟ್ಟಿ, ಕ್ರಯಪತ್ರಗಳು ಯಾರ ಮನೆಯಲ್ಲಾದರೂ ಇದ್ದರೆ, ಅವುಗಳ ಕನ್ನಡದಲ್ಲಿ 'ಅವಕಾಶ' ಹಕ್ಕಿನ ಅರ್ಥದಲ್ಲಿ ಬಂದಿದೆಯೇ ಎಂದು ನೋಡಿ, ಆ ವಾಕ್ಯವನ್ನು ಮಾತ್ರ, ಹೆಸರು ಬಿಟ್ಟು, ಬರೆದು ತಿಳಿಸಬೇಕು. ಬಂದಿದ್ದರೆ ಇದು ಇತ್ತೀಚಿನ ಅನುವಾದಕರ ಅಜಾಗ್ರತೆಯಲ್ಲ, ಗಡಿನಾಡಿನ ಹಳೆಯ ಬಳಕೆ ಎಂದು ಒಪ್ಪಿಕೊಳ್ಳಲು ಸಿದ್ಧನಿದ್ದೇನೆ. 'ಕೈವಶ'ಕ್ಕೆ ಭೂಸ್ವಾಧೀನದ ನೆನಪು ತಾರದ ಪದವಾಗಿ ನಾನು 'ಅನುಭೋಗ'ವನ್ನು ಬಳಸುತ್ತಿದ್ದೇನೆ. ಅದಕ್ಕಿಂತ ಸಲೀಸಾದದ್ದು ನಿಮ್ಮ ಕಡೆ ಇದ್ದರೆ ಅದೂ ಬೇಕು. ದೊಡ್ಡಮ್ಮನ ಕಾಗದದಲ್ಲಿ ಸದ್ಯಕ್ಕೆ ಪೆನ್ಸಿಲಿನಿಂದ 'ಅನುಭೋಗದ ಹಕ್ಕು' ಎಂದು ತಿದ್ದಿ ಕೊಟ್ಟಿದ್ದೇನೆ.